ಐಗುಪ್ತದ ಅಧಿಪತಿ

ರೀಟಾ ಕಪ್ಪು ಪಟ್ಟಿಯ ಗಂಟಿಗೆ ಕೈಹಾಕಿದ್ದಳು. ಡೊರೊತಮ್ಮ ಮಗಳ ಮಣಿಕಟ್ಟನ್ನು ಗಟ್ಟಿಯಾಗಿ ಹಿಡಿದುಕೊಂಡಳು.

"ಬುಡೇ ಅದನ್ನ. ಅಂಗೇ ಇರ್ಲಿ."

"ಪೆಟ್ಟಿಗೆ ಒಳಕ್ಕೂ ಇದನ್ನ ಕಟ್ಕೊಂಡೇ ಹೋಗ್ಬೇಕಾ ಅಪ್ಪ? ಇಷ್ಟು ವರ್ಷ ಕಟ್ಕೊಂಡಿದ್ದು ಸಾಲ್ದಾ?"

"ಬಿಚ್ಚಿದ್ರೆ ಬಂದೋರೆಲ್ಲ ಅದನ್ನೇ ನೋಡ್ತಾರೆ ಕಣೇ."

"ಬಿಚ್ಚದೇ ಇದ್ರೂ ಅದನ್ನೇ ನೋಡ್ತಾರೆ."

ಮಂಚದ ಮೇಲೆ ಡೊರೊತಮ್ಮನ ಗಂಡ ಅಂತೋಣಪ್ಪ ಮಲಗಿದ್ದ. ಮೈ ತೊಳೆದು, ಬಿಳಿ ಷರ್ಟು ತೊಡಿಸಿ, ಬೆರಳುಗಳಿಗೆ ಜಪಸರ ಸುತ್ತಿದ್ದಾಗಿತ್ತು. ಬಲಗಣ್ಣು ನಿದ್ದೆ ಹೋದವನ ಕಣ್ಣಿನಂತೆ ಮುಚ್ಚಿಕೊಂಡಿತ್ತು. ಎಡಗಣ್ಣು ಇರಬೇಕಾದ ಜಾಗದ ಮೇಲೆ ಕಪ್ಪು ಬಟ್ಟೆಯ ಪಟ್ಟಿ. ಹಿಂದಿನ ಬೆಳಿಗ್ಗೆ ಡಿಪೋದಲ್ಲಿ ಬಸ್ಸು ತೊಳೆಯುತ್ತಿದ್ದವನು ಬಕೆಟ್ಟಿನ ಪಕ್ಕದಲ್ಲೇ ಕುಸಿದು ಕೂತನಂತೆ. ದೊಡ್ಡಾಸ್ಪತ್ರೆ ಮುಟ್ಟುವಷ್ಟರಲ್ಲಿ ಮುಗಿದಿತ್ತು. ಚರ್ಚಿನ ಸ್ವಾಮಿಯೋರನ್ನು ಕರೆಸಿ, ಸಾಯುವವರಿಗೆ ಹಚ್ಚುವ ಪವಿತ್ರ ಎಣ್ಣೆಯನ್ನು ಹಣೆಗೆ ಹಚ್ಚಿಸುವುದಕ್ಕೂ ಸಮಯ ಸಿಕ್ಕಿರಲಿಲ್ಲ.

ಅಂಗಳದಲ್ಲಿ ರಾಯಪ್ಪ ಉಪದೇಶಿಯ ಗಂಟಲು ಕೇಳಿಸುತ್ತಿತ್ತು. ಕೆಸರೆ ಕಡೆಯ ಆ ಹೆಂಚಿನ ಮನೆಯ ಮುಂದೆ ಬೆಂಚು ಹಾಕಿಸಿಕೊಂಡು, ಊರುಗೋಲನ್ನು ಮೊಣಕಾಲುಗಳ ನಡುವೆ ನಿಲ್ಲಿಸಿಕೊಂಡು ಮುದುಕ ಕತೆ ಹೇಳುತ್ತಿದ್ದ. ಒಂದು ತಲೆಮಾರಿನ ಮಕ್ಕಳಿಗೆಲ್ಲ ಜಪ ಕಲಿಸಿದವನು. ಅವನು ಮಾತಾಡುವಾಗ ಅಡ್ಡ ಬರುವ ರೂಢಿ ಯಾರಿಗೂ ಇರಲಿಲ್ಲ.

"ನಾನು ಕಣ್ಣಾರೆ ಕಂಡೋನು ಕಣ್ರಪ್ಪಾ. ಬಿಲ್ಲಿಂದ ಬಾಣ ಹೊರಟಿದ್ದು ಸಂತರ ಕಡೆಗೆ. ಅರ್ಧ ದಾರೀಲಿ ನಿಂತ್ಬುಡ್ತು! ದೇವದೂತ ಕೈಯಲ್ಲಿ ಹಿಡ್ಕೊಂಡ ಹಂಗೆ ಹಿಂದಕ್ಕೆ ತಿರುಗಿ ಸೀದಾ ಅಧಿಪತಿ ಕಣ್ಣಿಗೆ! ಐಗುಪ್ತ ದೇಶದಲ್ಲಿ ಹೆಂಗಾಗಿತ್ತೋ ಹಂಗೇ, ನಮ್ಮ ಸ್ಕೂಲಿನ ಅಂಗಳದಲ್ಲಿ, ಹಬ್ಬದ ನಾಟಕದಲ್ಲಿ."

"ಐಗುಪ್ತದೋನಿಗೆ ಕಣ್ಣು ವಾಪಸ್ ಬಂತು ಅಂತೀರಲ್ಲ, ಮತ್ತೆ ನಮ್ಮಣ್ಣಂಗ್ಯಾಕೆ ಬರ್ಲಿಲ್ಲ?" ಎಂದು ಕೇಳಿದವನು ಕೆಂಪಯ್ಯ. ಮಂಡಕಳ್ಳಿಯವನು, ಅಂತೋಣಪ್ಪ ಬಸ್ಸು ಓಡಿಸುತ್ತಿದ್ದ ಕಾಲದಲ್ಲಿ ಅದೇ ಬಸ್ಸಿನ ಕಂಡಕ್ಟರು. ರಾತ್ರಿಯೆಲ್ಲ ಹೆಣದ ಹತ್ತಿರ ಕೂತಿದ್ದು ಅವನ ಕಣ್ಣು ಕೆಂಡವಾಗಿತ್ತು.

"ಅದು ಅವನವನ ವಿಶ್ವಾಸ ಕಣಯ್ಯ. ಗೋರಿ ಮಣ್ಣು ತಂದು ಕಾಲ ಬುಡಕ್ಕಿಟ್ರೆ ತಳ್ಳಿಬುಟ್ಟ ಪುಣ್ಯಾತ್ಮ."

"ಉಪದೇಶಿಗಳೇ, ಅಣ್ಣ ಒಳಗೆ ಮಲಗವ್ನೆ. ಇವತ್ತೊಂದಿನ ಆ ಮಾತು ಬುಡಿ."

ಡೊರೊತಮ್ಮ ಮಗಳ ಕೈಬಿಟ್ಟು ಗೋಡೆಗೆ ಒರಗಿ ಕೂತಳು. ಪಟ್ಟಿ ಹಾಗೇ ಇತ್ತು.

*

ಸ್ವಾತಂತ್ರ್ಯ ಬಂದ ಮರುವರ್ಷದ ಮಾತು. ಆಗ ಅಂತೋಣಪ್ಪ ನಂಜನಗೂಡು ಲೈನಿನ ಡ್ರೈವರು. ಆರಡಿ ಆಳು, ಹುರಿಮೀಸೆ, ಕಂಚಿನ ಗಂಟಲು. ಅವನು ಸ್ಟಾಪಿನಲ್ಲಿ ನಿಂತು "ಹತ್ಕೊಳ್ರೀ" ಎಂದರೆ ಮಂಡಕಳ್ಳಿಯ ಹೊಲದಲ್ಲಿದ್ದ ಎತ್ತುಗಳೂ ಬಸ್ಸಿಗೆ ಬರುತ್ತವೆ ಎಂದು ಕೆಂಪಯ್ಯ ನಗಿಸುತ್ತಿದ್ದ. ಗುಡಿ ಎಂದೇ ಅವರು ಕರೆಯುವ ಚರ್ಚಿನ ಹಬ್ಬದ ನಾಟಕಕ್ಕೆ ರಾಯಪ್ಪ ಉಪದೇಶಿ ಅವನನ್ನು ಹುಡುಕಿಕೊಂಡು ಬಂದದ್ದು ಆ ಗಂಟಲಿಗಾಗಿಯೇ.

ಐಗುಪ್ತದ, ಅಂದರೆ ಈಜಿಪ್ಟಿನ, ಹಳೆಯ ಕ್ರೈಸ್ತರಿಗೆ ಕೋಪ್ಟರು ಎಂದು ಹೆಸರು. ನಂಬಿಕೆಗಾಗಿ ಪ್ರಾಣ ಕೊಟ್ಟ ತಮ್ಮ ವೇದಸಾಕ್ಷಿಗಳ ಕತೆಗಳನ್ನು ಅವರು ಹಬ್ಬಹಬ್ಬಕ್ಕೂ ಓದಿ ಅಳುತ್ತಿದ್ದರಂತೆ. ಗುಡಿಯಲ್ಲಿ ಹಿಂದೆ ಇದ್ದ ಫ್ರೆಂಚ್ ಸ್ವಾಮಿಗಳೊಬ್ಬರು ಅವನ್ನು ಉಪದೇಶಿಗೆ ಹೇಳಿದ್ದರು. ಉಪದೇಶಿ ಒಂದನ್ನು ಆರಿಸಿ, ಕಂದಪದ್ಯ ಕಟ್ಟಿ, ರಾಗ ಹಾಕಿ ನಾಟಕ ಮಾಡಿದ್ದ. ಫಿಲೆಮೋನನೆಂಬ ಕೊಳಲೂದುವವನು, ಕ್ರೈಸ್ತನೂ ಅಲ್ಲ. ಪ್ರಾಣಭಯಕ್ಕೆ ಬಿದ್ದ ಒಬ್ಬ ಕ್ರೈಸ್ತ ತನ್ನ ಹೊದಿಕೆಯನ್ನು ಇವನಿಗೆ ಹೊದಿಸಿ, ನನ್ನ ಬದಲು ನೀನೇ ಹೋಗಿ ವಿಗ್ರಹಕ್ಕೆ ಬಲಿಯಿಟ್ಟು ಬಾ ಎಂದು ಕಳಿಸುತ್ತಾನೆ. ಹೋದವನು ಅಧಿಪತಿಯ ಮುಂದೆ ನಿಂತಾಗ ಅದೇನಾಯಿತೋ, ನಾನೂ ಕ್ರೈಸ್ತನೇ ಎಂದುಬಿಡುತ್ತಾನೆ. ಅಧಿಪತಿ ಬಾಣ ಬಿಡಿಸುತ್ತಾನೆ. ಬಾಣ ತಿರುಗಿ ಬಂದು ಅಧಿಪತಿಯ ಕಣ್ಣಿಗೇ ನಾಟುತ್ತದೆ. ಸಂತನ ಗೋರಿಯ ಮಣ್ಣು ಹಚ್ಚಿಕೊಂಡ ಮೇಲೆ ಕಣ್ಣು ಬಂದು, ಅಷ್ಟು ಜನರನ್ನು ಕೊಲ್ಲಿಸಿದ ಅಧಿಪತಿ ಕೊನೆಗೆ ತಾನೇ ಕತ್ತು ಕೊಟ್ಟು ವೇದಸಾಕ್ಷಿಯಾಗುತ್ತಾನೆ.

"ಮೊದ್ಲೆಲ್ಲ ಬೈಸ್ಕೊಂಡ್ರೂ ಕಡೇ ಅಂಕದಲ್ಲಿ ನೀನೇ ಸಂತ ಕಣೋ," ಎಂದು ಉಪದೇಶಿ ಪುಸಲಾಯಿಸಿದ್ದ.

ಬಿಲ್ಲುಗಾರನ ಪಾತ್ರ ಪಕ್ಕದ ಬೀದಿಯ ದರ್ಜಿಯ ಮಗ ಯೇಸುದಾಸನಿಗೆ. ಹದಿನಾರರ ಹುಡುಗ. ಡೊರೊತಮ್ಮನನ್ನು ಅತ್ತೆ ಎನ್ನುತ್ತಿದ್ದ, ಅಂತೋಣಪ್ಪನನ್ನು ಮಾವ ಎನ್ನುತ್ತಿದ್ದ. ಬಿದಿರು ಸೀಳಿ ಬಿಲ್ಲು ಮಾಡಿಕೊಟ್ಟವನೂ, ಹೆದೆ ಎಳೆಯುವುದನ್ನು ಹೇಳಿಕೊಟ್ಟವನೂ ಅಂತೋಣಪ್ಪನೇ. ಹುಡುಗನಿಗೆ ಒಂದೇ ಕಷ್ಟ. ಸಂತನನ್ನು ಕಂಬಕ್ಕೆ ಕಟ್ಟಿ ಹಾಡು ಶುರುವಾದರೆ ಸಾಕು, ಅಭ್ಯಾಸದಲ್ಲೂ ಅಳುತ್ತಿದ್ದ. ಉಳಿದವರು ನಗುತ್ತಿದ್ದರು. "ನಗಬೇಡ್ರೋ, ಅವನೊಬ್ಬ ಕತೆ ಕೇಳ್ತಾವ್ನೆ," ಎಂದು ಅಂತೋಣಪ್ಪ ಗದರಿಸುತ್ತಿದ್ದ.

ಏರ್ಪಾಡು ಸುಲಭದ್ದು. ರಂಗದ ಒಂದು ತುದಿಯಲ್ಲಿ ಸಂತನ ಕಂಬ, ಪಕ್ಕದಲ್ಲಿ ಬಾಳೆದಿಂಡು. ಇನ್ನೊಂದು ತುದಿಯಲ್ಲಿ ಅಧಿಪತಿಯ ಪೀಠ. ನಡುವೆ ಹುಡುಗ. ಮತಾಪು ಹಚ್ಚಿ ಹೊಗೆ ಎದ್ದಾಗ ಹುಡುಗ ಬಾಣವನ್ನು ದಿಂಡಿಗೆ ಹೊಡೆಯಬೇಕು. ಹೊಗೆಯ ಮರೆಯಲ್ಲೇ ಅಧಿಪತಿ ಅಂಗೈಯ ಕುಂಕುಮದ ನೀರನ್ನು ಕಣ್ಣಿಗೆ ಬಳಿದುಕೊಂಡು ಕೂಗಬೇಕು.

ಹಬ್ಬದ ಸಂಜೆ ಮತಾಪು ಉರಿಯಿತು, ಹೊಗೆ ಎದ್ದಿತು. ಅಂತೋಣಪ್ಪ ಕೂಗಿದ. ಅಂಥ ಕೂಗನ್ನು ಆ ಸ್ಕೂಲಿನ ಅಂಗಳ ಕೇಳಿರಲಿಲ್ಲ. ಹೊಗೆ ಇಳಿದಾಗ ಅವನು ಪೀಠದಿಂದ ಕೆಳಗೆ ಬಿದ್ದು ಹೊರಳುತ್ತಿದ್ದ, ಬೆರಳ ಸಂದಿಯಲ್ಲಿ ರಕ್ತ ಇಳಿಯುತ್ತಿತ್ತು. ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಭಲೆ ಅಂತೋಣಪ್ಪಾ ಎಂದರು. ಡೊರೊತಮ್ಮನೂ ತಟ್ಟಿದಳು, ಮಡಿಲಲ್ಲಿದ್ದ ರೀಟಾಳ ಪುಟ್ಟ ಕೈ ಹಿಡಿದು ಅವಳಿಂದಲೂ ತಟ್ಟಿಸಿದಳು. "ಅಯ್ಯೋ ಡೊರೊತಿ" ಎಂದು ಅವನು ಹೆಸರು ಹಿಡಿದು ಕರೆದಾಗಲೇ ಅವಳ ಕೈ ನಿಂತದ್ದು.

ಮೂರನೆಯ ದಿನ ಉಪದೇಶಿ ನಾಲ್ಕು ಹೆಂಗಸರನ್ನು ಕಟ್ಟಿಕೊಂಡು ಬಂದ. ತಟ್ಟೆಯಲ್ಲಿ ಬಿಳಿ ಬಟ್ಟೆ, ಬಟ್ಟೆಯ ಮೇಲೆ ಆ ಫ್ರೆಂಚ್ ಸ್ವಾಮಿಗಳ ಗೋರಿಯ ಮಣ್ಣು. ದೇವರು ಅರ್ಧ ಕತೆ ನಡೆಸಿದ್ದಾನೆ, ಉಳಿದರ್ಧ ನಿನ್ನ ವಿಶ್ವಾಸದಲ್ಲಿದೆ ಎಂದ. ಅಂತೋಣಪ್ಪ ತಟ್ಟೆಯನ್ನು ತಳ್ಳಿಬಿಟ್ಟ.

"ಇದು ನಾಟಕ ಅಲ್ಲ ಕಣ್ರಯ್ಯಾ. ನನ್ನ ಕಣ್ಣು."

ಡಾಕ್ಟರು ಎಡಗಣ್ಣನ್ನು ತೆಗೆದು ಬಲಗಣ್ಣನ್ನು ಉಳಿಸಿದರು. ಲೈಸೆನ್ಸು ಹೋಯಿತು. ಓಡಿಸುತ್ತಿದ್ದ ಬಸ್ಸುಗಳನ್ನು ತೊಳೆಯುವ ಕೆಲಸ ಸಿಕ್ಕಿತು. ಬೀದಿಯ ಮಕ್ಕಳು ಅವನನ್ನು ಕಂಡರೆ "ಅಧಿಪತಿ ಬಂದ, ಅಧಿಪತಿ ಬಂದ" ಎಂದು ಓಡುತ್ತಿದ್ದರು. ದೊಡ್ಡವರು, ಮಣ್ಣು ಹಚ್ಚಿಕೊಂಡಿದ್ದರೆ ಕಣ್ಣು ಬರುತ್ತಿತ್ತು ಎಂದು ಅವನ ಬೆನ್ನ ಹಿಂದೆ ಅನ್ನುತ್ತಿದ್ದರು. ಚೆಲ್ಲಿದ ಮಣ್ಣನ್ನು ಬಳಿದು ತೆಗೆದವಳು ಡೊರೊತಮ್ಮ. ಬಾಯಿ ಬಿಟ್ಟು ಹೇಳಲಿಲ್ಲವಾದರೂ ಅವಳೂ ಹಾಗೇ ಅಂದುಕೊಂಡಿದ್ದಳು. ಬಂದ ಭಾಗ್ಯವನ್ನು ಒಂದು ಚಿಟಿಕೆ ಮಣ್ಣಿಗೆ ಹೇಸಿ ಕಳೆದುಕೊಂಡ ಗಂಡ.

ಯೇಸುದಾಸನಿಗೆ ಮಾತ್ರ ಆ ಬಾಣ ದಾರಿ ತೋರಿಸಿತ್ತು. ದೇವರು ನಿನ್ನ ಕೈಯಲ್ಲಿ ಪವಾಡ ಮಾಡಿದ್ದಾನೆ ಎಂದು ಎಲ್ಲರೂ ಹೇಳಿ ಹೇಳಿ, ಹುಡುಗ ಮರುವರ್ಷವೇ ಸ್ವಾಮಿಯಾಗಲು ಗುರುಮಠ ಸೇರಿದ.

*

"ಸ್ತೋತ್ರ ಸ್ವಾಮಿ, ಸ್ತೋತ್ರ ಸ್ವಾಮಿ" ಎಂದು ಅಂಗಳದವರೆಲ್ಲ ಎದ್ದರು. ಯೇಸುದಾಸ್ ಸ್ವಾಮಿಗಳು ಬಂದಿದ್ದರು. ಹಳ್ಳಿಯ ಗುಡಿಯೊಂದರಲ್ಲಿದ್ದವರು, ಸುದ್ದಿ ಕೇಳಿ, ಮಣ್ಣು ತಾವೇ ಮಾಡುವುದಾಗಿ ಇಲ್ಲಿನ ಗುರುಗಳ ಅಪ್ಪಣೆ ಪಡೆದು ಬಂದಿದ್ದರು. ಮಂಚದ ಮುಂದೆ ಬಹಳ ಹೊತ್ತು ನಿಂತರು. ಡೊರೊತಮ್ಮ ಮೇಣದಬತ್ತಿ ತರಲು ಅಡಿಗೆಮನೆಗೆ ಹೋದಾಗ ಹಿಂದೆಯೇ ಬಂದು ಬಾಗಿಲಲ್ಲಿ ನಿಂತರು.

"ಅತ್ತೆ."

ಸ್ವಾಮಿಪಟ್ಟವಾದ ಮೇಲೆ ಅವರು ಅವಳನ್ನು ಹಾಗೆ ಕರೆದಿರಲಿಲ್ಲ.

"ಪೂಜೇಲಿ ಮಾಡೋ ಪ್ರಸಂಗದಲ್ಲಿ ಬಾಣದ ವಿಷಯ ಹೇಳ್ಬೇಕು ಅಂತ ಉಪದೇಶಿಯೋರು ಹಟ ಹಿಡಿದಿದಾರೆ. ಹೋದ ಹೋದ ಊರಲ್ಲೆಲ್ಲ ಹೇಳಿದೀನಿ, ಹೇಳಕ್ಕೆ ಕಷ್ಟ ಇಲ್ಲ. ಹೇಳ್ತಾ ಹೇಳ್ತಾ ನಾನೇ ನೋಡಿದ ಹಾಗೆ ಆಗ್ಬಿಟ್ಟಿದೆ." ಅವರು ದನಿ ಇಳಿಸಿದರು. "ನಿಜಕ್ಕೂ ನಂಗೆ ನೆನಪಿರೋದು ಹೊಗೆ. ಹೆದೆ ಎಳೆದಿದ್ದು. ಆಮೇಲೆ ಮಾವ ಕೂಗಿದ್ದು. ನಡುವೆ ಏನಾಯ್ತು ಅನ್ನೋದು ನನ್ನ ಹತ್ರ ಇಲ್ಲ ಅತ್ತೆ. ಮಾವ ಯಾವತ್ತಾದ್ರೂ ಏನಾದ್ರೂ ಹೇಳಿದ್ರಾ?"

ಡೊರೊತಮ್ಮ ಮೇಣದಬತ್ತಿಗಳನ್ನು ಒಂದೊಂದಾಗಿ ಸೆರಗಿಗೆ ಹಾಕಿಕೊಂಡಳು.

*

ಹೇಳಿದ್ದ. ಒಂದೇ ಸಲ. ಹೋದ ವರ್ಷ, ಇದೇ ಯೇಸುದಾಸ್ ಸ್ವಾಮಿಗಳು ಸ್ವಾಮಿಪಟ್ಟವಾಗಿ ತಮ್ಮ ಮೊದಲ ಪೂಜೆ ಮಾಡಿದ ದಿನ. ಬೀದಿಗೆ ಬೀದಿಯೇ ಗುಡಿಯಲ್ಲಿತ್ತು, ಅಂತೋಣಪ್ಪ ಮಾತ್ರ ಹೋಗಿರಲಿಲ್ಲ. ಮಧ್ಯಾಹ್ನ ಬಂದು ನೋಡಿದರೆ ಹಿತ್ತಲಲ್ಲಿ ಕೂತು ಸೈಕಲ್ಲಿನ ಚೈನಿಗೆ ಎಣ್ಣೆ ಬಿಡುತ್ತಿದ್ದ. ಡೊರೊತಮ್ಮನಿಗೆ ಮೈಯೆಲ್ಲ ಉರಿಯಿತು.

"ನೀವು ಸಾಕಿ ಬೆಳೆಸಿದಂಥ ಹುಡುಗ. ನಿಮಗೆ ಅಷ್ಟು ಹೊಟ್ಟೆಕಿಚ್ಚಾ? ದೇವರು ಅವನ ಕೈಯಲ್ಲಿ ಬಾಣ ತಿರುಗಿಸಿದ್ರೆ ಅದು ಅವನ ತಪ್ಪಾ?"

ಅಂತೋಣಪ್ಪ ಎಣ್ಣೆಯ ಡಬ್ಬಿ ಕೆಳಗಿಟ್ಟ.

"ಬಾಣ ತಿರುಗ್ಲಿಲ್ಲ ಕಣೇ. ಹುಡುಗ ತಿರುಗಿದ."

ಅವಳಿಗೆ ಅರ್ಥವಾಗಲಿಲ್ಲ.

"ಹೊಗೆ ಜನಕ್ಕೆ ಅಡ್ಡ ಇತ್ತು, ನಂಗಿರ್ಲಿಲ್ಲ. ಕಂಬದ ಕಡೆ ನಿಂತಿದ್ದೋನು ಬಿಲ್ಲಿನ ಸಮೇತ ನನ್ನ ಕಡೆ ತಿರುಗಿದ. ಕಣ್ಣಲ್ಲಿ ನೀರು ಸುರೀತಿತ್ತು. ನನ್ನೇ ನೋಡ್ದ. ನೋಡ್ಕೊಂಡೇ ಬಾಣ ಬುಟ್ಟ. ಆದ್ರೆ ಅವನು ನೋಡಿದ್ದು ಅಂತೋಣಪ್ಪನ್ನಲ್ಲ, ಅಧಿಪತೀನ."

"ಮತ್ತೆ ಯಾಕೆ ಹೇಳ್ಲಿಲ್ಲ ನೀವು? ಇಷ್ಟು ವರ್ಷ!"

"ಮೊದ್ಲು ಹೇಳಿದ್ರೆ ಹುಡುಗನ್ನ ಪೊಲೀಸ್ನೋರು ಎಳ್ಕೊಂಡು ಹೋಗೋರು. ಆಮೇಲೆ ಹೇಳಿದ್ರೆ ಗುರುಮಠದಿಂದ ಓಡಿಸೋರು. ಈಗ ಹೇಳಿದ್ರೆ…" ಅವನು ಮಾತು ಮುಗಿಸದೆ ಪೆಡಲು ತಿರುಗಿಸಿದ. ಚೈನು ಸದ್ದಿಲ್ಲದೆ ಓಡಿತು. "ಹೇಳ್ದೇ ಇರೋದು ಕೈಲಾಗುತ್ತೆ ಡೊರೊತಿ. ಆದ್ರೆ ಅಲ್ಲಿ ಹೋಗಿ ಅವನ ಮುಂದೆ ಮಂಡಿಯೂರೋದು ಕೈಲಾಗಲ್ಲ. ಅಷ್ಟು ದೊಡ್ಡೋನಲ್ಲ ನಾನು."

ಅವತ್ತಿನ ಮೇಲೆ ಅವನು ಆ ಮಾತೆತ್ತಲಿಲ್ಲ. ಅವಳೂ ಕೇಳಲಿಲ್ಲ.

*

ಇಲ್ಲ ಸ್ವಾಮಿ, ಏನೂ ಹೇಳಲಿಲ್ಲ ಎಂದುಬಿಡಬಹುದಿತ್ತು. ನಾಲಿಗೆಯ ತುದಿಗೆ ಅದೇ ಬಂದಿತ್ತು. ಆಗ ಅಂಗಳದಿಂದ ರಾಯಪ್ಪನ ದನಿ ಮತ್ತೆ ಕೇಳಿಸಿತು. "ಗೋರಿ ಮಣ್ಣನ್ನ ತಳ್ಳಿದ್ನಲ್ಲ, ನೋಡಿ, ಕಡೇಗಾಲದಲ್ಲಿ ಪವಿತ್ರ ಎಣ್ಣೆಯೂ ದಕ್ಕಲಿಲ್ಲ."

"ಬಾಣ ತಿರುಗ್ಲಿಲ್ಲ ಸ್ವಾಮಿ," ಎಂದಳು ಡೊರೊತಮ್ಮ. "ನೀವು ತಿರುಗಿದ್ರಿ."

ಅಷ್ಟೇ ಹೇಳಿ ನಿಲ್ಲಿಸಲು ಆಗಲಿಲ್ಲ. "ಅಳ್ತಿದ್ರಂತೆ. ಅವರನ್ನೇ ನೋಡ್ಕೊಂಡು ಬುಟ್ರಂತೆ."

ಸ್ವಾಮಿಗಳ ಮುಖದಲ್ಲಿ ಅವಳು ಆಶ್ಚರ್ಯವನ್ನು ಹುಡುಕಿದಳು. ಆಶ್ಚರ್ಯ ಇರಲಿಲ್ಲ. ಕತ್ತಲಲ್ಲಿ ಗೋಡೆ ತಡವುತ್ತಿದ್ದವನಿಗೆ ಬಾಗಿಲು ಕೈಗೆ ಸಿಕ್ಕ ಹಾಗೆ, ಆದರೆ ಅದು ತಾನು ಬಯಸಿದ ಬಾಗಿಲಲ್ಲ ಎಂಬ ಹಾಗೆ, ಅವರು ನಿಂತೇ ಇದ್ದರು.

"ಮಾವಂಗೆ ಗೊತ್ತಿತ್ತಾ? ಮೊದಲಿಂದ್ಲೂ?"

"ಮೊದಲಿಂದ್ಲೂ."

"ನನ್ನ ಮೇಲೆ…"

"ನಿಮ್ಮ ಮೇಲೆ ಸಿಟ್ಟಿರ್ಲಿಲ್ಲ ಅವರಿಗೆ," ಎಂದಳು. ಅದು ನಿಜವೋ ಅಲ್ಲವೋ ಅವಳಿಗೇ ತಿಳಿಯದು.

ಹೊರಗೆ ಗುಡಿಯ ಗಂಟೆ ಕೇಳಿಸಿತು. ಯಾರೋ ಪೆಟ್ಟಿಗೆ ತಂದು ಇಳಿಸಿದರು. ಡೊರೊತಮ್ಮ ನಡುಮನೆಗೆ ಬಂದು, ಬತ್ತಿಗಳನ್ನು ರೀಟಾಳ ಕೈಗೆ ಕೊಟ್ಟು, ಗಂಡನ ತಲೆ ಎತ್ತಿ ಪಟ್ಟಿಯ ಗಂಟನ್ನು ತಾನೇ ಬಿಚ್ಚಿದಳು. ಒಳಗೆ ಘೋರವಾದದ್ದೇನೂ ಇರಲಿಲ್ಲ. ಎಳೆಮಗುವಿನ ರೆಪ್ಪೆಯಂಥ ತೆಳುವಾದ ಚರ್ಮ, ಅಷ್ಟೆ. ಬಿಸಿಲು ಕಾಣದೆ ಅಲ್ಲಿ ಬಣ್ಣ ಬೆಳ್ಳಗಿತ್ತು.

*

ಗುಡಿಯಲ್ಲಿ ಜನ ಕಿಕ್ಕಿರಿದಿದ್ದರು. ಬಸ್ ತೊಳೆಯುವವನ ಸಾವಿಗೆ ಬಂದವರಲ್ಲ, ಅಧಿಪತಿಯ ಸಾವಿಗೆ ಬಂದವರು. ಬಾಣ ಬಿಟ್ಟವರೇ ಬಾಣ ತಗುಲಿದವನಿಗೆ ಪೂಜೆ ಮಾಡುತ್ತಾರೆ ಎಂದು ಸುದ್ದಿ ಹಬ್ಬಿತ್ತು. ರಾಯಪ್ಪ ಉಪದೇಶಿ ಮುಂದಿನ ಸಾಲಿನಲ್ಲಿ ಕೂತಿದ್ದ.

ಕಪ್ಪು ಪೂಜಾವಸ್ತ್ರ ತೊಟ್ಟ ಸ್ವಾಮಿಗಳು ಲ್ಯಾಟಿನ್ ಜಪ ಮುಗಿಸಿ ಜನರ ಕಡೆ ತಿರುಗಿದರು.

"ಅಂತೋಣಪ್ಪನವರು ನಂಜನಗೂಡಿನ ಬಸ್ಸು ಓಡಿಸುತ್ತಿದ್ದರು," ಎಂದರು.

ಜನ ಕಾದರು. ಯಾರೋ ಕೆಮ್ಮಿದರು. ಸ್ವಾಮಿಗಳು ಪೆಟ್ಟಿಗೆಯನ್ನೇ ನೋಡುತ್ತಿದ್ದರು.

"ಬಾಣ," ಎಂದ ರಾಯಪ್ಪ, ಮೆಲ್ಲಗೆ, ನಾಟಕದಲ್ಲಿ ಮಾತು ಮರೆತವನಿಗೆ ಪರದೆಯ ಹಿಂದಿನಿಂದ ಎತ್ತಿಕೊಡುವವನ ಹಾಗೆ. "ಸ್ವಾಮೀ, ಬಾಣ."

"ಒಳ್ಳೆಯ ಡ್ರೈವರು. ಕಣ್ಣು ಹೋದದ್ದರಿಂದ ಆ ಕೆಲಸ ಹೋಯಿತು. ಯಾರನ್ನೂ ದೂರಲಿಲ್ಲ." ಸ್ವಾಮಿಗಳು ಪೆಟ್ಟಿಗೆಯ ಕಡೆ ಒಂದು ಹೆಜ್ಜೆ ಇಟ್ಟರು. "ದೂರಬಹುದಾಗಿತ್ತು. ಅವರ ಆತ್ಮಕ್ಕಾಗಿ ಪ್ರಾರ್ಥಿಸಿರಿ. ನನಗಾಗಿಯೂ."

ಅವರು ಬಲಿಪೀಠದ ಕಡೆ ತಿರುಗಿಬಿಟ್ಟರು. ರಾಯಪ್ಪ ಊರುಗೋಲನ್ನು ಕಲ್ಲುಚಪ್ಪಡಿಗೆ ಕುಟ್ಟಿದ. ಹಿಂದಿನ ಸಾಲುಗಳಲ್ಲಿ ಗುಜುಗುಜು ಎದ್ದಿತು. ಇಷ್ಟಕ್ಕೆ ಕೆಲಸ ಬಿಟ್ಟು ಬಂದೆವಾ ಎಂಬಂತೆ ಜನ ಮುಖಮುಖ ನೋಡಿಕೊಂಡರು.

ಸಮಾಧಿಯ ತೋಟಕ್ಕೆ ಹೋಗುವ ದಾರಿಯಲ್ಲಿ ಕೆಂಪಯ್ಯ ಪೆಟ್ಟಿಗೆಯನ್ನು ಇನ್ನೊಬ್ಬನ ಹೆಗಲಿಗೆ ಕೊಟ್ಟು ಡೊರೊತಮ್ಮನ ಪಕ್ಕಕ್ಕೆ ಬಂದ.

"ಅಕ್ಕಾ, ಸ್ವಾಮಿಗಳು ನಮ್ಮಣ್ಣನ್ನ ಡ್ರೈವರು ಅಂದ್ರಲ್ಲ. ನಂಗಷ್ಟು ಸಾಕಾಯ್ತು ಕಣಕ್ಕ. ಬೇರೆ ಯಾರಾಗಿದ್ರೂ ಆ ಕತೆ ಊದ್ತಿದ್ರು."

ಡೊರೊತಮ್ಮ ತಲೆಯಾಡಿಸಿದಳು. ಅವಳಿಗೆ ಸಾಕಾಗಿರಲಿಲ್ಲ, ಹೆಚ್ಚಾಗಿತ್ತು. ಹದಿನಾಲ್ಕು ವರ್ಷ ಹೊಟ್ಟೆಯಲ್ಲಿಟ್ಟುಕೊಂಡು ಆತ ಕಾದದ್ದನ್ನು ಹೆಣ ಹೊಸಿಲು ದಾಟುವ ಮುಂಚೆ ಚೆಲ್ಲಿಬಿಟ್ಟೆನಲ್ಲ ಎಂಬ ಸಂಕಟ ಹೆಜ್ಜೆಹೆಜ್ಜೆಗೂ ಏರುತ್ತಿತ್ತು. ರಾಯಪ್ಪನ ಬಾಯಿಗೆ ಹೊಡೆಯಬೇಕಿತ್ತು. ಏಟು ಬಿದ್ದದ್ದು ಯೇಸುದಾಸನಿಗೆ. ಮುಂದೆ ಕಪ್ಪು ವಸ್ತ್ರದಲ್ಲಿ ನಡೆಯುತ್ತಿದ್ದ ಬೆನ್ನು ಅವಳಿಗೆ ಸ್ವಾಮಿಗಳ ಬೆನ್ನಾಗಿ ಕಾಣಲಿಲ್ಲ. ಬಿಲ್ಲು ಹಿಡಿದು ಅಭ್ಯಾಸಕ್ಕೆ ಹೊರಟ ತೆಳ್ಳನೆಯ ಹುಡುಗನ ಬೆನ್ನಾಗಿ ಕಂಡಿತು. ಅಂತೋಣಪ್ಪ ಇದ್ದಿದ್ದರೆ ಏನು ಅನ್ನುತ್ತಿದ್ದ? ಸುಮ್ಮನೆ ಇರುತ್ತಿದ್ದ. ಅದೇ ಅವಳನ್ನು ಸುಡುತ್ತಿತ್ತು.

ಪೆಟ್ಟಿಗೆ ಇಳಿಯಿತು. ತೀರ್ಥ ಚಿಮುಕಿಸಿದ್ದಾಯಿತು. ಒಬ್ಬೊಬ್ಬರೂ ಹಿಡಿಮಣ್ಣು ಹಾಕಿದರು, ಕೆಂಪಯ್ಯನೂ ಹಾಕಿದ. ಗುಂಡಿ ತೋಡಿದವರು ಸಲಿಕೆ ಹಿಡಿದರು.

ಮಣ್ಣಾದ ಮೇಲೆ ಸ್ವಾಮಿಗಳ ಬಲಗೈಗೆ ಮುತ್ತಿಟ್ಟು ಮನೆಗೆ ಹೋಗುವುದು ಅಲ್ಲಿಯ ಪದ್ಧತಿ. ಜನ ಸಾಲಾಗಿ ನಿಂತರು. ಮೊದಲು ಬಂದ ಮುದುಕಿಯೊಬ್ಬಳು ಸೆರಗು ತಲೆಗೆಳೆದುಕೊಂಡು ಬಾಗಿದಳು. ಕೈ ಬರಲಿಲ್ಲ. ಸ್ವಾಮಿಗಳು ಎರಡೂ ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡಿದ್ದರು. ಮುದುಕಿ ಸ್ವಲ್ಪ ಹೊತ್ತು ಬಾಗಿಯೇ ಇದ್ದು, ಗಲಿಬಿಲಿಯಿಂದ ಎದ್ದು, ಎದೆಯ ಮೇಲೆ ಶಿಲುಬೆಯ ಗುರುತು ಹಾಕಿಕೊಂಡು ಸರಿದಳು. ಎರಡನೆಯವನಿಗೂ ಹಾಗೇ ಆಯಿತು. ಮೂರನೆಯವಳು ಬಾಗಲೇ ಇಲ್ಲ, ಪಕ್ಕಕ್ಕೆ ಹೋಗಿ ಇನ್ನೊಬ್ಬಳ ಕಿವಿಯಲ್ಲಿ ಏನೋ ಹೇಳಿದಳು.

ಡೊರೊತಮ್ಮ ಸಾಲು ಬಿಟ್ಟು ಮುಂದೆ ಬಂದಳು. ಯಾರೂ ತಡೆಯಲಿಲ್ಲ. ಅವಳು ಬಾಗಿದಳು.

ಮೇಲಿನಿಂದ ಅವರ ಉಸಿರು ಕೇಳಿಸುತ್ತಿತ್ತು, ಕೈ ಮಾತ್ರ ಬರಲಿಲ್ಲ.

"ಯೇಸು," ಎಂದಳು, ಅವಳಿಗೂ ಅವರಿಗೂ ಮಾತ್ರ ಕೇಳುವ ಹಾಗೆ. "ಕೈ ಕೊಡಪ್ಪ."

"ಬೇಡ ಅತ್ತೆ. ಈ ಕೈ ಬೇಡ."

"ಅಮ್ಮಾ, ಏಳಮ್ಮ, ಎಲ್ರೂ ನೋಡ್ತಾವ್ರೆ," ಎಂದು ರೀಟಾ ತೋಳು ಹಿಡಿದಳು. ಡೊರೊತಮ್ಮ ತೋಳು ಕೊಡವಿಕೊಂಡಳು. ಹಿಂದೆ ಸಾಲು ಮುಂದೆ ಹೋಗಲಾರದೆ, ಚದುರಲೂ ಆರದೆ ನಿಂತಿತ್ತು. ಸಲಿಕೆಯವರು ಕೂಡ ಕೆಲಸ ನಿಲ್ಲಿಸಿ ಇತ್ತ ನೋಡಿದರು. ಕಪ್ಪು ವಸ್ತ್ರದ ಅಂಚಿಗೆ ಅಂಟಿದ ಹಸಿ ಮಣ್ಣನ್ನು ನೋಡುತ್ತ, ಮುಂದಕ್ಕೆ ಚಾಚಿದ ತನ್ನ ಎರಡೂ ಬರಿಗೈಗಳನ್ನು ಹಾಗೇ ಹಿಡಿದುಕೊಂಡು, ಅವಳು ಬಾಗಿಯೇ ನಿಂತಿದ್ದಳು.